ಅಕ್ಕನ ದನಿಯ ಜಾಗ

ಒಂದೂರಲ್ಲಿ ಒಂದು ಇಸ್ತ್ರಿ ಅಂಗಡಿ ಇತ್ತಂತೆ. ಅಂಗಡಿಯವನಿಗೆ ಮೂವರು ಮಕ್ಕಳು. ಅಕ್ಕನದು ಮೇಲಿನ ದನಿ, ತಮ್ಮನದು ಕೆಳಗಿನ ದನಿ, ನಡುವೆ ಹುಟ್ಟಿದವಳದು ನಡುವಿನ ದನಿ. ಅಪ್ಪ ಇಸ್ತ್ರಿ ಹಾಕುತ್ತಲೇ, ಕೈ ಓಡಿದ ಹಾಗೆ ಧಾಟಿ ಓಡಿಸಿ, ಒಂದು ಹಾಡು ಕಟ್ಟಿದ್ದ. ಮಕ್ಕಳು ಅದನ್ನು ಮೂರೆಳೆಯಾಗಿ ಹೆಣೆದು ಹಾಡಿದರು; ಅಪ್ಪನ ಧಾಟಿ ಅಕ್ಕನ ಎಳೆಯಲ್ಲಿ, ಉಳಿದೆರಡು ಅದರ ಜೊತೆಗೆ.

ಅಲ್ಲಿಂದ ಶುರುವಾಯಿತು. ಸಭಾಂಗಣ, ರೇಡಿಯೋ, ನಾಲ್ಕು ಕ್ಯಾಸೆಟ್ಟು, ಇಪ್ಪತ್ತಾರು ವರ್ಷಗಳ ತಿರುಗಾಟ. ‘ಇಸ್ತ್ರಿ ಮನೆಯವರು’ ಅಂದರೆ ಜನ ಗುರುತು ಹಿಡಿಯುತ್ತಿದ್ದರು. ಅಪ್ಪನ ಹಾಡನ್ನು ಮಾತ್ರ ಎಲ್ಲೂ ರೆಕಾರ್ಡ್ ಮಾಡಲಿಲ್ಲ. “ಕೆಲಸ ಮಾಡ್ತಾ ಹಾಡೋದು ಅದು, ಡಬ್ಬಿಗೆ ತುಂಬೋದಲ್ಲ” ಅಂದಿದ್ದ ಅಪ್ಪ.

ಅಪ್ಪ ತೀರಿಹೋದ ಮೇಲೆ ಅಕ್ಕನ ಗಂಟಲಲ್ಲಿ ಗಡ್ಡೆ ಕಾಣಿಸಿತು. ಆಪರೇಷನ್ನಿನ ಹಿಂದಿನ ದಿನ ಅವಳು ತಂಗಿಯನ್ನು ಕರೆದಳು.

“ಅಪ್ಪನ ಹಾಡು ನನ್ನ ಮಗಳಿಗೆ ಕಲಿಸಿಬಿಡೇ.”

“ಅದೇನು ಮಹಾ? ಒಂದು ವಾರದ ಕೆಲಸ.”

ಅಕ್ಕ ದನಿ ಕಳೆದುಕೊಂಡು ಮನೆಗೆ ಬಂದಳು. ಹುಡುಗಿ ಕಲಿತದ್ದನ್ನು ಅಮ್ಮನ ಮುಂದೆ ಹಾಡಿದಳು. ಅಕ್ಕ ಪೂರ್ತಿ ಕೇಳಿ, ಸ್ಲೇಟು ಎಳೆದುಕೊಂಡು ತಂಗಿಗೆ ಬರೆದು ತೋರಿಸಿದಳು: ‘ಇದು ನಿನ್ನ ಎಳೆ. ಹಾಡೆಲ್ಲಿ?’

ಹಾಡು ತಂಗಿಯ ತಲೆಯಲ್ಲಿತ್ತು, ಕಿವಿಯಲ್ಲೂ ಇತ್ತು. ಬಾಯಿ ತೆರೆದರೆ ಮೂರನೆಯ ಮಾತಿಗೇ ದನಿ ತನ್ನ ಹಳೆಯ ಎಳೆಗೆ ಜಾರುತ್ತಿತ್ತು. ಇಷ್ಟು ವರ್ಷ ಅಕ್ಕನ ಮಗ್ಗುಲಲ್ಲೇ ನಡೆದ ಗಂಟಲಿಗೆ ಬೇರೆ ದಾರಿಯೇ ಗೊತ್ತಿರಲಿಲ್ಲ. ಎರಡು ತಿಂಗಳು ಹೆಣಗಿದಳು. ಕೊನೆಗೆ ತಮ್ಮನನ್ನು ಕೇಳಿದಳು.

“ನನ್ನನ್ನ ಕೇಳ್ತೀಯಲ್ಲಕ್ಕ, ನನಗಿದ್ದದ್ದೇ ನಾಲ್ಕು ಸ್ವರ. ಇಪ್ಪತ್ತಾರು ವರ್ಷ ಹೂಂ ಅಂದುಕೊಂಡೇ ಅನ್ನ ತಿಂದವನು ನಾನು.”

“ಮೂರು ಜನ ಸೇರಿ ಒಂದು ಹಾಡು ಕಳೆದು ಹಾಕಿದ್ದೀರಲ್ಲ ಚಿಕ್ಕಮ್ಮ,” ಅಂದಳು ಹುಡುಗಿ.

ಅಕ್ಕ ನಗಲಿಲ್ಲ. ಎದ್ದು ಅಂಗಡಿಯ ಮೇಜಿನ ಹತ್ತಿರ ಹೋಗಿ, ಇಸ್ತ್ರಿಪೆಟ್ಟಿಗೆ ಕಾಯಲಿಟ್ಟು, ಒಂದು ಅಂಗಿ ಹರಡಿದಳು. ತಂಗಿ ತಮ್ಮ ಇಬ್ಬರಿಗೂ ಹಾಡಿ ಅಂತ ಸನ್ನೆ ಮಾಡಿದಳು. ಅವರು ತಮ್ಮ ತಮ್ಮ ಎಳೆ ಹಿಡಿದರು. ಮೇಲೆ ಅಕ್ಕನ ಜಾಗ ಖಾಲಿ.

ಅಕ್ಕನ ಕೈ ಓಡಿತು. ಹಾಡು ಏರುವಲ್ಲಿ ಇಸ್ತ್ರಿ ಕಾಲರಿನ ಕಡೆಗೆ ಏರಿತು, ಇಳಿಯುವಲ್ಲಿ ಅಂಚಿಗೆ ಜಾರಿತು, ಎಳೆಯುವಲ್ಲಿ ತೋಳಿನುದ್ದಕ್ಕೂ ನಿಧಾನವಾಗಿ ಹೋಯಿತು. ಅಪ್ಪನ ಕೈಯೇ. ಹುಡುಗಿ ಇಸ್ತ್ರಿಯ ಮೇಲೆ ಕಣ್ಣಿಟ್ಟು ದನಿಯನ್ನು ಅದರ ಹಿಂದೆಯೇ ಬಿಟ್ಟಳು. ಮೊದಲನೇ ಅಂಗಿಗೆ ಚಿಕ್ಕಮ್ಮನ ಎಳೆಗೆ ಬಿದ್ದಳು. ಎರಡನೆಯದಕ್ಕೂ ಬಿದ್ದಳು. ಐದನೇ ಅಂಗಿಗೆ ದನಿ ಖಾಲಿ ಜಾಗದಲ್ಲಿ ಹೋಗಿ ಕೂತಿತು.

ತಂಗಿ ಬೇಕೆಂದೇ ಹಾಡು ನಿಲ್ಲಿಸಿದಳು, ತಮ್ಮನನ್ನೂ ಕಣ್ಣಲ್ಲೇ ತಡೆದಳು. ಅಕ್ಕನೂ ಕೈ ಎತ್ತಿಬಿಟ್ಟಳು. ಹುಡುಗಿ ಒಬ್ಬಳೇ, ಜಾರದೆ, ಕೊನೆಯ ಸಾಲು ಮುಟ್ಟಿದಳು.

ಅಕ್ಕ ಸ್ವಿಚ್ಚು ಆರಿಸಿ, ಅಂಗಿ ಮಡಿಸಿ, ತಂಗಿಯ ಕೈಗಿಟ್ಟಳು.