ಕೈ ಹಿಡಿದವನು

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಇಷ್ಟು ಮಹಾಂತೇಶನಿಗೆ ಗೊತ್ತಿರಬೇಕಿತ್ತಪ್ಪ! ಎರಡು ಸಾವಿರದ ನಾಲ್ಕರಲ್ಲಿ, ಚಳ್ಳಕೆರೆಯ ಕಬಡ್ಡಿ ತಂಡ ಸೆಮಿಫೈನಲ್ ಗೆದ್ದ ಖುಷಿಯಲ್ಲಿ, ವಾರಪತ್ರಿಕೆಯ ಕಲ್ಲೇಶಪ್ಪ "ನಿನ್ನ ಬಲ ಯಾರಪ್ಪಾ?" ಅಂದಾಗ, "ನನ್ನ ಕೈ ಹಿಡಿದೋನು ಅಂಜನ್ ರೀ. ಅವನಿಲ್ದೆ ನಾನಿಲ್ಲ" ಅಂದುಬಿಟ್ಟ. ರೈಡರ್‌ನನ್ನು ಕೆಡವಲು ಇಬ್ಬಿಬ್ಬರು ಕೈ ಹಿಡಿದು ನಿಲ್ಲುತ್ತಾರಲ್ಲ, ಅದನ್ನು ಹೇಳಿದ್ದು. ಆದರೆ ಕೈ ಹಿಡಿದವನು ಅಂದರೆ ನಮ್ಮಲ್ಲಿ ಗಂಡ. ಕಲ್ಲೇಶಪ್ಪ ಆ ಮಾತನ್ನೇ ದಪ್ಪ ಅಕ್ಷರದಲ್ಲಿ ತಲೆಬರಹ ಮಾಡಿ, ಇಬ್ಬರ ಫೋಟೋ ಪಕ್ಕಪಕ್ಕ ಹಾಕಿದ, ಪುಣ್ಯಾತ್ಮ!

ಎಣ್ಣೆ ಮಿಲ್ಲಿನಿಂದ ಬಸ್‌ ಸ್ಟ್ಯಾಂಡಿನವರೆಗೆ ಜನ ಬಿದ್ದು ಬಿದ್ದು ನಕ್ಕರು. ನಗುವನ್ನು ಸಹಿಸಬಹುದಿತ್ತು. ಆದರೆ ಅಚ್ಚಾಗಿದ್ದು ನಿಜವಾಗಿತ್ತು. ಎರಡು ವರ್ಷದಿಂದ ಇಬ್ಬರೂ ಅದನ್ನು ಮುಚ್ಚಿಟ್ಟುಕೊಂಡಿದ್ದರು. ಎಲ್ಲರೆದುರು ಕೈ ಹಿಡಿಯಲು ಅವರಿಗಿದ್ದ ಜಾಗ ಕಬಡ್ಡಿ ಅಂಕಣ ಒಂದೇ.

ಫೈನಲ್ ಮೊಳಕಾಲ್ಮೂರಿನಲ್ಲಿ, ಅಂಜನ್‌ನ ಊರಲ್ಲೇ. ಎಂಟು ದಿನ ಮುಖ ತೋರಿಸದ ಅಂಜನ್ ಆಟದ ಹೊತ್ತಿಗೆ ಬಂದ. ಕಣ್ಣು ಊದಿಕೊಂಡಿದ್ದವು.

"ಲೇ, ಆಟದಾಗಾದ್ರೂ ಕೈ ಬಿಡಬ್ಯಾಡ ಕಣೋ," ಮಹಾಂತೇಶ ಗೋಗರೆದ. "ನಾನು ಸತ್ತೋಗ್ತೀನಿ."

"ನಾಯನ ಅಲ್ಲೇ ಕುಂತೈತೆ. ಸುಮ್ನಿರು," ಎಂದು ಅಂಜನ್ ಅಪ್ಪನತ್ತ ಕಣ್ಣು ಹಾಯಿಸಿದ.

ಕೊನೆಯ ಐದು ನಿಮಿಷ, ಅಂಕ ಸಮ. ಎದುರಾಳಿ ರೈಡರ್ ನುಗ್ಗಿ ಬಂದ. "ಗಂಡ ಹೆಂಡ್ತಿ ಕೈ ಹಿಡ್ಕಳ್ರಲೇ!" ಅಂತ ಯಾರೋ ಕೂಗಿದರು. ಮಹಾಂತೇಶ ಅಂಜನ್‌ನತ್ತ ತಿರುಗಿದ. ಕೈ ಚಾಚಿದ. ಅಂಜನ್ ಹಿಡಿದ, ಬೆರಳು ನೋಯುವ ಹಾಗೆ ಹಿಡಿದ. ಇಬ್ಬರೂ ಸೇರಿ ರೈಡರ್‌ನನ್ನು ಕೆಡವಿದರು. ಅಂಪೈರ್ ಸೀಟಿ ಊದಿದರೂ ಅಂಜನ್ ಬಿಡಲಿಲ್ಲ. ಮಹಾಂತೇಶನಿಗೆ ಖುಷಿಗೆ ಅಳು ಬಂತು.

"ಇದೇ ಕೊನೆ ಕಣೋ," ಅಂಜನ್ ಅಂದ. "ನಾಡಿದ್ದು ನಂಗೆ ನಿಶ್ಚಿತಾರ್ಥ. ಒಲ್ಲೆ ಅಂದ್ರೆ ನಾಯನ ಎಣ್ಣೆ ಕುಡಿತೀನಿ ಅಂತೈತೆ, ಹೊಲಕ್ಕೊಡಿಯೋ ಎಣ್ಣೆ." ಕೈ ಬಿಡಿಸಿಕೊಂಡು, ಗೆರೆ ದಾಟಿ, ಅಪ್ಪನ ಹಿಂದೆ ಹೊರಟುಹೋದ.

ಆಟ ಮುಗಿದಿರಲಿಲ್ಲ. ಅಂಜನ್‌ನ ಜಾಗಕ್ಕೆ ಬಾಲರಾಜ್ ಬಂದ, ಮೂರು ವರ್ಷ ಮಹಾಂತೇಶನ ಜೊತೆ ಒಂದೇ ತಟ್ಟೆಯಲ್ಲಿ ಉಂಡವನು. ಮಹಾಂತೇಶ ಕೈ ಚಾಚಿದ. ಬಾಲರಾಜ್ ತನ್ನ ಕೈ ಚಡ್ಡಿಗೆ ಒರೆಸಿಕೊಂಡು ಎರಡು ಹೆಜ್ಜೆ ಆಚೆ ಸರಿದ.

"ಹಿಡಿಯಲೇ, ರೈಡರ್ ಬಂದ!" ಎಂದು ಹೊರಗಿಂದ ಕೋಚ್ ಅರಚಿದ.

ಬಾಲರಾಜ್ ನೆಲ ನೋಡುತ್ತ ನಿಂತ. ರೈಡರ್‌ಗೆ ಅಷ್ಟೇ ಸಾಕಾಗಿತ್ತು. ಒಂಟಿಯಾಗಿ ನಿಂತವನ ಮೇಲೆ ನೇರ ಬಂದ.