ಮೂವತ್ತು ದಿನದ ಒಲೆ

ಕಚೇರಿಯಲ್ಲಿ ನನಗೆ ‘ಉಪ್ಪಿನಮ್ಮ’ ಎಂದು ಹೆಸರಿಟ್ಟಿದ್ದಾರೆ. ಎದುರಿಗೆ ಯಾರೂ ಅನ್ನುವುದಿಲ್ಲ, ಅಷ್ಟು ಎದೆಗಾರಿಕೆ ಅಲ್ಲಿ ಯಾರಿಗೂ ಇಲ್ಲ. ಬೆನ್ನ ಹಿಂದೆ ಅನ್ನುವುದು ನನ್ನ ಕಿವಿಗೂ ಬಿದ್ದಿದೆ. ಬೇಜಾರೇನಿಲ್ಲ, ಮೂಗಿನ ತುದಿಯಲ್ಲೇ ಕೋಪ ಇಟ್ಟುಕೊಂಡವಳಿಗೆ ಇದಕ್ಕಿಂತ ಕೆಟ್ಟ ಹೆಸರನ್ನೂ ಇಡಬಹುದಿತ್ತು.

ಇಲ್ಲದವರಿಗೆ ಸರ್ಕಾರ ತಿಂಗಳು ತಿಂಗಳು ದಿನಸಿ ಕೊಡುವ ಕಾರ್ಡು ಇದೆಯಲ್ಲ, ಅದಕ್ಕೆ ಅರ್ಜಿ ಹಾಕಿದವರ ಮನೆಗೆ ಹೋಗಿ, ಬರೆದದ್ದು ನಿಜವೋ ಸುಳ್ಳೋ ನೋಡಿಕೊಂಡು ಬರುವುದು ನನ್ನ ಕೆಲಸ. ವಾರದಲ್ಲಿ ಮೂರು ದಿನ ಮೆಟ್ಟಿಲು ಹತ್ತಿ ಇಳಿಯುತ್ತೇನೆ. ಉಳಿದ ದಿನ ಕೌಂಟರಿನಲ್ಲಿ ಕೂತು ಅರ್ಜಿ ತೆಗೆದುಕೊಳ್ಳುತ್ತೇನೆ, ಕೇಳಿದ್ದನ್ನೇ ಕೇಳುವವರಿಗೆ ಹೇಳಿದ್ದನ್ನೇ ಹೇಳುತ್ತೇನೆ.

ನಮ್ಮ ನಿಯಮದ ತಿರುಳು ಒಂದೇ ಮಾತು. ಒಂದು ಒಲೆ ಅಂದರೆ ಒಂದು ಕುಟುಂಬ. ಒಂದೇ ಒಲೆಯಲ್ಲಿ ಬೇಯಿಸಿ ಉಣ್ಣುವವರ ಸಂಪಾದನೆಯನ್ನೆಲ್ಲ ಸೇರಿಸಿ ನೋಡುತ್ತೇವೆ, ಮಿತಿ ದಾಟಿದರೆ ಕಾರ್ಡು ಇಲ್ಲ. ಹಾಗಾಗಿ ಜನ ಅರ್ಜಿ ಹಾಕುವ ಹೊತ್ತಿಗೆ ಸರಿಯಾಗಿ ಬೇರೆಯಾಗುತ್ತಾರೆ. ಅಣ್ಣ ತಮ್ಮ ಬೇರೆ, ಅತ್ತೆ ಸೊಸೆ ಬೇರೆ. ಗಂಡ ಹೆಂಡತಿ ಬೇರೆಯೆಂದು ಬರೆದುಕೊಟ್ಟು ಒಂದೇ ಛತ್ರಿಯಲ್ಲಿ ಮನೆಗೆ ಹೋದವರನ್ನೂ ನೋಡಿದ್ದೇನೆ. ಎರಡನೆಯ ಒಲೆಯನ್ನು ಪಕ್ಕದ ಮನೆಯಿಂದ ತಂದಿಟ್ಟಿರುತ್ತಾರೆ, ಪಾತ್ರೆಗಳನ್ನು ಎರಡು ಕಡೆ ಜೋಡಿಸಿರುತ್ತಾರೆ, ಆದರೆ ಉಪ್ಪನ್ನು ಮರೆಯುತ್ತಾರೆ. ನಾನು ಅಡುಗೆಮನೆಗೆ ಹೋದವಳೇ ‘ಉಪ್ಪೆಲ್ಲಿ?’ ಎನ್ನುತ್ತೇನೆ. ಎರಡು ಒಲೆಗೂ ಒಂದೇ ಡಬ್ಬಿ ಇದ್ದರೆ ಆ ಅರ್ಜಿಯ ಕತೆ ಅಲ್ಲಿಗೆ ಮುಗಿಯಿತು. ಇಪ್ಪತ್ತಾರು ವರ್ಷದಲ್ಲಿ ಈ ಉಪಾಯ ನನಗೆ ಒಂದು ಸಲವೂ ಕೈಕೊಟ್ಟಿಲ್ಲ.

ಆ ದಿನ ಹೊರಟಿದ್ದು ಒಬ್ಬ ವಿಧವೆಯ ಮನೆಗೆ. ಅವಳು ಯಾವುದೋ ಲಾಡ್ಜಿನಲ್ಲಿ ಹಾಸಿಗೆ ಬಟ್ಟೆ ಒಗೆಯುವ ಕೆಲಸದವಳು, ಈಗ ಅರ್ಧ ದಿನದ ಕೆಲಸವಷ್ಟೇ ಕೊಡುತ್ತಿದ್ದಾರೆ. ಇಬ್ಬರು ಹೆಣ್ಣುಮಕ್ಕಳು. ಗಂಡ ತೀರಿಕೊಂಡ ಮೇಲೆ ಎರಡು ವರ್ಷದಿಂದ ಭಾವನ ಮನೆಯಲ್ಲೇ ಇದ್ದಾಳೆ. ಭಾವ ಬಸ್ ಡ್ರೈವರ್. ಮೊದಲನೇ ಅರ್ಜಿಯಲ್ಲಿ ಎಲ್ಲರದ್ದೂ ಒಂದೇ ಒಲೆ ಎಂದು ಪ್ರಾಮಾಣಿಕವಾಗಿ ಬರೆದಿದ್ದಳು. ಡ್ರೈವರನ ಸಂಬಳ ಸೇರಿ ಮಿತಿಗಿಂತ ಒಂದು ಚೂರು ಹೆಚ್ಚಾಗಿ, ಅರ್ಜಿ ತಿರಸ್ಕಾರವಾಗಿತ್ತು. ಒಲೆ ಬೇರೆಯಾಗಿ ಮೂವತ್ತು ದಿನ ಕಳೆದಿರಬೇಕು ಎಂಬುದು ನಿಯಮ, ಸರಿಯಾಗಿ ಮೂವತ್ತೊಂದನೇ ದಿನಕ್ಕೆ ಎರಡನೇ ಅರ್ಜಿ ಬಂತು. ಈಗ ಒಲೆ ಬೇರೆಯಂತೆ. ಓದಿದಾಗಲೇ ನನಗೆ ಪಿತ್ತ ನೆತ್ತಿಗೇರಿತು. ಮೂವತ್ತು ದಿನದಲ್ಲಿ ಸಂಸಾರ ಒಡೆದುಹೋಯಿತಂತೆ, ಯಾರ ಕಿವಿಗೆ ಹೂ ಇಡುತ್ತಾರೆ ಇವರು ಎಂದು ಬೈದುಕೊಂಡೇ ಮೂರು ಮಹಡಿ ಹತ್ತಿದೆ. ಸುಳ್ಳು ಎಂದು ಗೊತ್ತಾದರೆ ಒಂದು ವರ್ಷ ಅವರು ಮತ್ತೆ ಅರ್ಜಿ ಹಾಕುವ ಹಾಗಿರಲಿಲ್ಲ.

ಬಾಗಿಲು ತೆಗೆದವರು ಡ್ರೈವರನ ಹೆಂಡತಿ, ಮನೆಯ ಹಿರಿಯಾಕೆ. ಐವತ್ತರ ಆಸುಪಾಸು. ಮೈಮೇಲಿನ ಬಟ್ಟೆ ಎರವಲು ತಂದದ್ದೇನೋ ಅನ್ನುವಷ್ಟು ಸಡಿಲವಾಗಿತ್ತು. ಅವರ ಹಿಂದೆ ನಿಂತಿದ್ದವಳು ಓರಗಿತ್ತಿ, ಅರ್ಜಿ ಹಾಕಿದವಳು. ಅವಳ ಕೈಗಳು ಸೋಪಿನ ನೀರಿಗೆ ಬೆಳ್ಳಗೆ ಸುಕ್ಕಾಗಿದ್ದವು.

“ಕೂತ್ಕೊಳ್ಳಿ ಮೇಡಂ, ನೀರು ಕುಡೀತೀರಾ?” ಎಂದರು ಹಿರಿಯಾಕೆ.

“ನೀರು ಆಮೇಲೆ. ಅಡುಗೆಮನೆ ತೋರಿಸಿ,” ಎಂದೆ.

ಅಡುಗೆಮನೆ ಇಬ್ಬರು ನಿಂತರೆ ಮೂರನೆಯವರಿಗೆ ಇಕ್ಕಟ್ಟಾಗುವಂಥದ್ದು. ಬಾಗಿಲಿನಿಂದ ಕಿಟಕಿಯವರೆಗೆ ನೆಲದ ಮೇಲೆ ಸೀಮೆಸುಣ್ಣದಲ್ಲಿ ಒಂದು ಗೆರೆ ಎಳೆದಿತ್ತು. ಗೆರೆಯ ಎಡಕ್ಕೆ ಹಿರಿಯಾಕೆಯ ಒಲೆ, ಬಲಕ್ಕೆ ಓರಗಿತ್ತಿಯದು. ಗೆರೆ ಅಚ್ಚ ಹೊಸದಾಗಿ ಕಂಡಿತು.

“ಈಗ ತಾನೇ ಎಳೆದ್ರಾ, ನಾನು ಬರ್ತೀನಿ ಅಂತ?”

“ದಿನಾ ಎಳೀತೀನಿ ಮೇಡಂ. ನೆಲ ಒರೆಸಿದ್ರೆ ಅಳಿಸಿಹೋಗುತ್ತೆ,” ಎಂದರು ಹಿರಿಯಾಕೆ.

“ಉಪ್ಪೆಲ್ಲಿ?”

ಇಬ್ಬರೂ ಒಟ್ಟಿಗೆ ಕೈ ತೋರಿಸಿದರು, ಒಬ್ಬೊಬ್ಬರು ಒಂದೊಂದು ಕಡೆಗೆ. ಎಡಗಡೆ ಗಾಜಿನ ಡಬ್ಬಿ, ಮುಕ್ಕಾಲು ತುಂಬಿತ್ತು. ಬಲಗಡೆ ಪ್ಲಾಸ್ಟಿಕ್ ಡಬ್ಬಿ, ತಳದಲ್ಲಿ ಎರಡು ಚಮಚ ಉಳಿದಿತ್ತು. ಎಣ್ಣೆ ಎರಡು, ಬೆಂಕಿಪೊಟ್ಟಣ ಎರಡು. ಕೊನೆಗೆ ಪಾತ್ರೆ ತಿಕ್ಕುವ ನಾರೂ ಎರಡು. ನನಗೆ ಅನುಮಾನ ಕಡಿಮೆಯಾಗುವ ಬದಲು ಜಾಸ್ತಿಯಾಯಿತು. ಇಷ್ಟು ಅಚ್ಚುಕಟ್ಟಾಗಿ ನಿಜ ಇರುವುದನ್ನು ನಾನು ಯಾವ ಮನೆಯಲ್ಲೂ ಕಂಡಿರಲಿಲ್ಲ.

ಬಲಗಡೆಯ ಪಾತ್ರೆಯ ಮುಚ್ಚಳ ತೆಗೆದೆ. ಗಂಜಿ. ಎಡಗಡೆ ಮೂಲೆಯಲ್ಲಿ ಸಣ್ಣ ಪಾತ್ರೆಯೊಂದಿತ್ತು, ಅದನ್ನೂ ತೆಗೆದೆ. ಅದರಲ್ಲೂ ಗಂಜಿ, ಅದೇ ಬಣ್ಣ, ಅದೇ ತೆಳು. ಸಿಕ್ಕಿಬಿದ್ದರು ಎಂದುಕೊಂಡೆ. ಒಂದೇ ಪಾತ್ರೆಯಲ್ಲಿ ಬೇಯಿಸಿ ಎರಡಕ್ಕೆ ಸುರಿದಿದ್ದಾರೆ. ಡ್ರೈವರನ ಮನೆಯಲ್ಲಿ ಗಂಜಿ ಯಾಕಿರುತ್ತದೆ?

“ಎರಡು ಚಮಚ ಕೊಡಿ,” ಎಂದೆ.

ಕಚೇರಿಯವರು ಕೇಳಿದರೆ ನಗುತ್ತಾರೆ, ಆದರೆ ನಾನು ರುಚಿ ನೋಡಿದೆ. ಬಲಗಡೆಯದಕ್ಕೆ ಹದವಾಗಿ ಉಪ್ಪು ಹಾಕಿತ್ತು. ಎಡಗಡೆಯದಕ್ಕೆ ಉಪ್ಪೇ ಇರಲಿಲ್ಲ. ಒಂದೇ ಪಾತ್ರೆಯದಲ್ಲ, ಬೇರೆ ಬೇರೆಯೇ ಬೇಯಿಸಿದ್ದು. ಹಿಡಿದೆ ಅಂದುಕೊಂಡಿದ್ದು ಕೈಯಿಂದ ಜಾರಿತು.

“ಇದು ಯಾರಿಗೆ?” ಎಂದೆ, ಸಣ್ಣ ಪಾತ್ರೆ ತೋರಿಸಿ.

“ನನಗೆ,” ಎಂದರು ಹಿರಿಯಾಕೆ. “ಉಪ್ಪು ಹಾಕೋದು ಮರೆತೆ ಅನ್ಸುತ್ತೆ. ನನಗೊಬ್ಬಳಿಗೆ ತಾನೇ ಅಂತ ಗಮನ ಇರಲ್ಲ.”

“ನಿಮ್ಮನೆಯವರು ಸಂಬಳ ತರ್ತಾರೆ. ಅಟ್ಟದ ಮೇಲೆ ಬುಟ್ಟೀಲಿ ಮೊಟ್ಟೆ ಇದೆ, ಬೇಳೆ ಇದೆ. ನೀವ್ಯಾಕೆ ಗಂಜಿ ಕುಡೀತೀರಿ? ಯಾರಿಗೆ ತೋರಿಸೋಕೆ?”

ಮಾತು ಒರಟಾಗಿಯೇ ಬಂತು. ಅವರು ಬೇಸರ ಮಾಡಿಕೊಳ್ಳಲಿಲ್ಲ. ತಪ್ಪು ಮಾಡಿ ಸಿಕ್ಕವರ ಹಾಗೆ ನೆಲ ನೋಡಿದರು.

“ಮಕ್ಕಳು ಆ ಕಡೆ ಅದನ್ನ ಕುಡೀತಿರುವಾಗ ಈ ಕಡೆ ಕೂತು ನಾನು ಹೇಗೆ ಮೇಡಂ ಬೇರೆ ತಿನ್ನಲಿ? ಗಂಟಲಲ್ಲಿ ಇಳಿಯಲ್ಲ. ನಮ್ಮನೆಯವರೂ ಅಷ್ಟೇ, ಡಿಪೋದಲ್ಲೇ ತಿಂದು ಬರ್ತಾರೆ. ಮನೇಲಿ ತಟ್ಟೆ ಮುಟ್ಟಿ ತಿಂಗಳಾಯ್ತು.”

“ಅಕ್ಕ ಬೆಳಿಗ್ಗೆ ನನ್ನ ಪಾತ್ರೆ ಒಳಗೆ ಇಣುಕಿ ನೋಡ್ತಾರೆ,” ಎಂದಳು ಕಿರಿಯವಳು. ಅವಳು ಬಾಯಿ ಬಿಟ್ಟದ್ದು ಅದೇ ಮೊದಲು. “ನಾನು ಏನು ಇಟ್ಟಿದೀನೋ ಅದನ್ನೇ ಅವರೂ ಇಡ್ತಾರೆ, ಅಷ್ಟೇ ಅಳತೆ. ಬೇಡ ಅಕ್ಕ ಅಂದ್ರೆ ಕೇಳಲ್ಲ. ಅದಕ್ಕೇ ಒಂದೊಂದು ದಿನ ನಾನು ಸುಮ್ಮನೆ ಸ್ವಲ್ಪ ಗಟ್ಟಿ ಮಾಡ್ತೀನಿ.”

ನಾನು ಚಮಚ ಹಿಡಿದುಕೊಂಡೇ ನಿಂತಿದ್ದೆ. ಸುಳ್ಳು ಹೇಳಿ ಕಾರ್ಡು ತೆಗೆದುಕೊಳ್ಳುವವರನ್ನು ನೋಡಿದ್ದೇನೆ, ನಿಜ ಹೇಳಿ ಕಳೆದುಕೊಂಡವರನ್ನೂ ನೋಡಿದ್ದೇನೆ. ಅರ್ಜಿಯಲ್ಲಿ ಬರೆಯುವ ಮಾತು ಸುಳ್ಳಾಗಬಾರದೆಂದು ಮೂವತ್ತು ದಿನ ಅದನ್ನು ಬಾಳಿ ನಿಜ ಮಾಡಿದವರನ್ನು ಕಂಡಿರಲಿಲ್ಲ. ಒಂದು ಪರದೆ ಕಟ್ಟಿ, ಎರಡು ಡಬ್ಬಿ ಇಟ್ಟು, ನಾನು ಹೋದ ಮೇಲೆ ಒಟ್ಟಿಗೆ ಕೂತು ಉಂಡಿದ್ದರೆ ನನಗೆ ಗೊತ್ತಾಗುತ್ತಲೇ ಇರಲಿಲ್ಲ. ಉಪ್ಪಿನಮ್ಮನ ಉಪಾಯ ಅಷ್ಟಕ್ಕೇ. ಈ ಹೆಂಗಸಿಗೆ ಅದು ಹೊಳೆಯಲಿಲ್ಲವೋ, ಹೊಳೆದರೂ ಮನಸ್ಸು ಬರಲಿಲ್ಲವೋ.

ಅಷ್ಟರಲ್ಲಿ ಶಾಲೆಯಿಂದ ಮಕ್ಕಳು ಬಂದರು. ದೊಡ್ಡವಳಿಗೆ ಒಂಬತ್ತಿರಬಹುದು, ನನ್ನನ್ನು ನೋಡಿದವಳೇ ಬಾಯಿಗೆ ಬೀಗ ಹಾಕಿಕೊಂಡಳು. ಚಿಕ್ಕವಳು ಆರು ವರ್ಷದವಳು, ಎಲ್ಲರೂ ಗುಬ್ಬಿ ಎಂದು ಕರೆಯುತ್ತಿದ್ದರು. ಜ್ವರ ಬಿಟ್ಟು ಎದ್ದ ಮಗು, ಕುತ್ತಿಗೆ ಕಡ್ಡಿಯಾಗಿತ್ತು. ಅಮ್ಮ ಬಡಿಸಿದ ತಟ್ಟೆಯನ್ನು ಗೆರೆಯ ಬಲಕ್ಕೆ ಇಟ್ಟುಕೊಂಡು ಕೂತಳು. ಎರಡು ಗುಟುಕು ಕುಡಿದು, ಹಾಗೇ ವಾಲಿ, ಗೆರೆಯ ಈಚೆ ಕೂತಿದ್ದ ದೊಡ್ಡಮ್ಮನ ತೊಡೆಯ ಮೇಲೆ ತಲೆ ಇಟ್ಟಳು. ತಟ್ಟೆ ಆಚೆ, ತಲೆ ಈಚೆ. ಹಿರಿಯಾಕೆ ಅವಳ ಕೂದಲಲ್ಲಿ ಕೈಯಾಡಿಸುತ್ತ ಹೇಳಿದರು:

“ಎದ್ದು ಕುಡಿ ಕಂದ. ತಟ್ಟೆ ಈ ಕಡೆ ತರಬೇಡ.”

“ತರಲ್ಲ ದೊಡ್ಡಮ್ಮ,” ಎಂದಿತು ಮಗು, ಅದೇನೂ ದೊಡ್ಡ ವಿಷಯವೇ ಅಲ್ಲ ಎನ್ನುವ ಹಾಗೆ.

“ಮಕ್ಕಳು ದಾಟಬಹುದು ಮೇಡಂ,” ಎಂದು ಹಿರಿಯಾಕೆ ಅವಸರದಲ್ಲಿ ನನಗೆ ವಿವರಿಸಿದರು. “ರಾತ್ರಿ ನನ್ನ ಪಕ್ಕದಲ್ಲೇ ಮಲಗ್ತಾವೆ. ತಲೆ ಬಾಚೋದೂ ನಾನೇ. ತಿನ್ನೋದು ಮಾತ್ರ ದಾಟಬಾರದು ಅಷ್ಟೇ. ಒಂದು ಸೌಟೂ ದಾಟಿಲ್ಲ. ಬೇಕಾದ್ರೆ ಮಕ್ಕಳನ್ನೇ ಕೇಳಿ.”

“ಯಾವತ್ತೂ ಇಲ್ವಾ?”

ಅವರು ಮಗುವಿನ ಕಿವಿಯ ಹಿಂದೆ ಕೂದಲು ಸಿಕ್ಕಿಸಿದರು.

“ಹೋದ ವಾರ ಇವಳಿಗೆ ಜ್ವರ ಬಂದಿತ್ತು. ಗಂಜಿ ಬೇಡ ಅಂತ ಹಟ ಮಾಡಿ, ‘ದೊಡ್ಡಮ್ಮ, ಒಂದು ಮೊಟ್ಟೆ ಕೊಡು’ ಅಂದ್ಲು. ಅಲ್ಲೇ ಬುಟ್ಟೀಲಿ ಇತ್ತು. ಇವರಮ್ಮ ಕೆಲಸಕ್ಕೆ ಹೋಗಿದ್ಲು, ಮನೇಲಿ ನಾವಿಬ್ರೇ. ಯಾರು ನೋಡ್ತಾರೆ ಅಂತ ಒಂದು ಸಲ ಕೈ ಹೋಯ್ತು ಮೇಡಂ. ಸುಳ್ಳು ಹೇಳಲ್ಲ, ಕೈ ಹೋಯ್ತು. ಆದ್ರೆ ಇಪ್ಪತ್ತಾರನೇ ದಿನ ಅದು. ಇನ್ನು ನಾಲ್ಕೇ ದಿನಕ್ಕೆ ಎಲ್ಲಾ ನೀರು ಪಾಲಾದ್ರೆ ಅಂತ ಬುಟ್ಟಿ ಎತ್ತಿ ಅಟ್ಟದ ಮೇಲಿಟ್ಟೆ. ಇವಳು ಅಳ್ತಾ ಅಳ್ತಾ ನನ್ನ ಮಡಿಲಲ್ಲೇ ಮಲಗಿದ್ಲು.”

ಕಿರಿಯವಳು ಕಿಟಕಿಯ ಕಡೆ ತಿರುಗಿಕೊಂಡಳು.

“ಒಂದು ಸೌಟೂ ದಾಟಬಾರದು ಅಂತ ನಿಮಗೆ ಹೇಳಿದ್ಯಾರು?” ಎಂದೆ. ದನಿ ಏರಿತು, ತಡೆದುಕೊಳ್ಳಲಾಗಲಿಲ್ಲ. ಹಾಗೆಂದು ನಮ್ಮ ಪುಸ್ತಕದಲ್ಲಿ ಎಲ್ಲೂ ಇಲ್ಲ. ಬೇರೆ ಬೇಯಿಸಬೇಕು, ಬೇರೆ ಸಾಮಾನು ತರಬೇಕು, ಅಷ್ಟೇ ಇರುವುದು. ಅಕ್ಕಪಕ್ಕದವರು ಕೊಟ್ಟ ಊಟ, ನೆಂಟರು ಕೊಟ್ಟ ತಿಂಡಿ ಯಾವುದೂ ಲೆಕ್ಕಕ್ಕಿಲ್ಲ. ಯಾವ ತಲೆಕೆಟ್ಟವರು ಇವರಿಗೆ ಇಲ್ಲದ್ದನ್ನು ಹೇಳಿದರೋ, ಅವರ ಚಳಿ ಬಿಡಿಸಬೇಕು ಎಂದುಕೊಂಡೆ.

ಹಿರಿಯಾಕೆ ನನ್ನ ಮುಖ ನೋಡಿದರು.

“ನೀವೇ ಹೇಳಿದ್ದು ಮೇಡಂ. ಕೌಂಟರಿನಲ್ಲಿ. ಮೊದಲನೇ ಅರ್ಜಿ ವಾಪಸ್ ಬಂದಾಗ ನಾನೇ ಬಂದು ಕೇಳಿದೆ, ಎಷ್ಟು ದಿನ ಬೇರೆ ಇರಬೇಕು ಅಂತ. ಮೂವತ್ತು ದಿನ ಅಂದ್ರಿ. ಮಕ್ಕಳಿಗೆ ಏನಾದ್ರೂ ಕೊಡಬಹುದಾ ಅಂತ ಕೇಳಿದೆ. ‘ಒಂದು ಸೌಟೂ ದಾಟಬಾರದು, ದಾಟಿದ್ರೆ ನನ್ನ ಹತ್ರ ಬರಲೇಬೇಡಿ’ ಅಂದ್ರಿ. ಅವತ್ತು ತುಂಬಾ ಜನ ಇದ್ರು, ನಿಮಗೆ ನೆನಪಿರಲ್ಲ.”

ನೆನಪಿರಲಿಲ್ಲ. ಈ ಮುಖವೂ ನೆನಪಿರಲಿಲ್ಲ. ಆದರೆ ಮಾತು ನನ್ನದೇ. ದಿನಕ್ಕೆ ನಲವತ್ತು ಜನರಿಗೆ ಹೀಗೆ ಏನಾದರೊಂದು ಅಂದು ಕಳಿಸುತ್ತೇನೆ, ಸಾಲು ಬೇಗ ಮುಂದೆ ಹೋಗಲಿ ಎಂದು. ಜನ ಕೇಳಿಸಿಕೊಳ್ಳುತ್ತಾರೆ, ಹೊರಗೆ ಹೋಗಿ ನನ್ನನ್ನು ಬೈಯುತ್ತಾರೆ, ತಮಗೆ ತೋಚಿದ್ದನ್ನು ಮಾಡುತ್ತಾರೆ. ಹಾಗೆಂದೇ ನಾನು ನಂಬಿದ್ದೆ. ಆಡಿದ ಮಾತನ್ನು ಒಬ್ಬರು ಮನೆಗೆ ಒಯ್ದು, ದಿನಾ ಬೆಳಿಗ್ಗೆ ನೆಲದ ಮೇಲೆ ಎಳೆದು, ಅದರ ಪಕ್ಕದಲ್ಲೇ ಕೂತು ಉಪ್ಪಿಲ್ಲದ ಗಂಜಿ ಕುಡಿಯುತ್ತಾರೆ ಎಂದು ಯಾರಾದರೂ ಹೇಳಿದ್ದರೆ ಹೋಗಯ್ಯಾ ಎಂದು ನಕ್ಕುಬಿಡುತ್ತಿದ್ದೆ. ಈಗ ಅಲ್ಲೇ ಹೊಸ್ತಿಲ ಮೇಲೆ ಕೂತೆ. ಆ ಹೆಂಗಸಿನ ಎದುರು ನಾನು ಬಹಳ ಸಣ್ಣವಳು ಅನ್ನಿಸಿತು.

ಅರ್ಜಿಯನ್ನು ತೊಡೆಯ ಮೇಲಿಟ್ಟುಕೊಂಡು ‘ಒಲೆ ಬೇರೆ, ಕಾರ್ಡು ಕೊಡಬಹುದು’ ಎಂದು ಬರೆದು ಸಹಿ ಹಾಕಿದೆ.

“ಮುಂದಿನ ತಿಂಗಳಿಂದ ದಿನಸಿ ಬರುತ್ತೆ,” ಎಂದೆ. “ಇನ್ನು ನೀವು ಆ ಕಡೆಗೆ ಏನು ಬೇಕಾದ್ರೂ ಕೊಡಿ. ಬೇಯಿಸೋದು ಬೇರೆ ಇರಲಿ, ಕೊಡೋದಕ್ಕೆ ಅಡ್ಡಿಯಿಲ್ಲ. ಓರಗಿತ್ತಿ ಮಕ್ಕಳಿಗೆ ಒಂದು ಬಟ್ಟಲು ಕೊಟ್ರೆ ಯಾವ ಸರ್ಕಾರನೂ ಕೇಳಲ್ಲ.”

ಕಿರಿಯವಳು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. ಹಿರಿಯಾಕೆಯ ಮುಖದಲ್ಲಿ ಒಂದು ಕ್ಷಣ ಬೆಳಕು ಬಂತು. ಆಮೇಲೆ ಅದು ನಿಧಾನವಾಗಿ ಆರಿತು. ತೊಡೆಯ ಮೇಲಿದ್ದ ಮಗುವಿನ ತಲೆಯನ್ನು ನೋಡಿದರು, ನನ್ನನ್ನು ನೋಡಿದರು.

“ಹಾಗಾದ್ರೆ,” ಎಂದರು, “ಅವತ್ತು ಇವಳಿಗೆ ಆ ಮೊಟ್ಟೆ ಕೊಡಬಹುದಿತ್ತಾ ಮೇಡಂ?”

ಕಿರಿಯವಳು ಕೈ ಸರಿಸಿ ನನ್ನ ಕಡೆ ನೋಡಿದಳು. ಅವಳಿಗೆ ಅರ್ಥವಾಗಿತ್ತು, ಕಣ್ಣಲ್ಲೇ ಗೊತ್ತಾಯಿತು. ಹೇಳಬೇಡಿ ಎನ್ನುವ ಹಾಗೆ ಸಣ್ಣಗೆ ತಲೆ ಆಡಿಸಿದಳು.

“ಇಲ್ಲ,” ಎಂದೆ. “ಅವತ್ತು ಕೊಡೋ ಹಾಗಿರಲಿಲ್ಲ. ಕೊಟ್ಟಿದ್ರೆ ಎಲ್ಲಾ ಹೋಗ್ತಿತ್ತು. ನಾನು ಬಂದು ನೋಡಿ ಸಹಿ ಹಾಕೋವರೆಗೆ ಕೊಡಬಾರದು, ಅದೇ ನಿಯಮ. ನೀವು ಮಾಡಿದ್ದು ಸರಿ.”

ಅವರಿಗಾಗಿ ಹೇಳಿದೆನೋ, ನನ್ನ ಮುಖ ಉಳಿಸಿಕೊಳ್ಳಲು ಹೇಳಿದೆನೋ, ಇವತ್ತಿಗೂ ಗೊತ್ತಿಲ್ಲ.

“ಸದ್ಯ,” ಎಂದರು ಹಿರಿಯಾಕೆ. ಅಷ್ಟು ದಿನ ತಡೆದದ್ದೆಲ್ಲ ಆಗ ಕಟ್ಟೆಯೊಡೆಯಿತು, ಮಗುವಿನ ಬೆನ್ನು ಸವರುತ್ತ ಸದ್ದಿಲ್ಲದೆ ಅತ್ತರು. “ಸದ್ಯ ಮೇಡಂ. ನಾನೇ ಸುಮ್ಮಸುಮ್ಮನೆ ಮಗೂನ ಅಳಿಸಿಬಿಟ್ಟೆನೇನೋ ಅಂತ ಜೀವ ಹೋಗಿತ್ತು.”

ಆಮೇಲೆ ಮುಂಗೈಯಿಂದ ಕಣ್ಣೊರೆಸಿಕೊಂಡು ಎದ್ದರು. ಅಟ್ಟದ ಮೇಲಿನ ಬುಟ್ಟಿ ಇಳಿಸಿ, ಮೊಟ್ಟೆಗಳನ್ನೆಲ್ಲ ಒಂದೊಂದಾಗಿ ತೆಗೆದು ಒಲೆಯ ಪಕ್ಕ ಇಟ್ಟರು. “ನೀವೂ ಒಂದು ತುತ್ತು ತಿಂದೇ ಹೋಗಬೇಕು ಮೇಡಂ,” ಎಂದರು.