ದಾಸೋಹದ ಬೂದಿ

ಕಸ್ತೂರೆವ್ವನ ಹಿತ್ತಲಿನ ಲಿಂಬೆ ಗಿಡವನ್ನು ಹಚ್ಚಿದ್ದು ಅವಳ ಮಗಳು ಭುವನೇಶ್ವರಿ. ಚೊಚ್ಚಲ ಹೆರಿಗೆಗೆಂದು ತವರಿಗೆ ಬಂದವಳು, ಬೇಡವೆಂದರೂ ಕೇಳದೆ, ತುಂಬಿದ ಹೊಟ್ಟೆ ಹೊತ್ತು ತಾನೇ ಕುಣಿ ತೋಡಿದ್ದಳು. ಹೆರಿಗೆಯಲ್ಲಿ ಅವಳೂ ಹೋದಳು, ಕೂಸೂ ಹೋಯಿತು. ಉಳಿದದ್ದು ಆ ಗಿಡ. ಅದೊಂದು ಬದುಕಿದರೆ ಸಾಕಿತ್ತು ಕಸ್ತೂರೆವ್ವನಿಗೆ.

ಊರಿನ ಮಠದ ದಾಸೋಹದಲ್ಲಿ ರೊಟ್ಟಿ ಬಡಿಯುವುದು ಆಕೆಯ ಕೆಲಸ. ಆ ಒಲೆಯ ಬೂದಿ ಹಣೆಗೆ ಹಚ್ಚುವಂಥದ್ದು. ತಿಪ್ಪೆಗೆ ಸುರಿದು ಮಂದಿಯ ಕಾಲಿಗೆ ಸಿಗುವಂತೆ ಮಾಡಲಾದೀತೇ? ದಿನಾ ಬುಟ್ಟಿ ತುಂಬಿ ತಂದು ಗಿಡದ ಬುಡಕ್ಕೆ ಹಾಕುತ್ತಿದ್ದಳು. ಅತ್ತೆ ಬದನೆಗೆ ಹುಳ ಬಿದ್ದರೆ ಬೂದಿ ಉದುರಿಸುತ್ತಿದ್ದಳಲ್ಲ, ಬದನೆಗೆ ಆಗಿಬಂದದ್ದು ಲಿಂಬೆಗೇಕೆ ಆಗಬಾರದು? ಎಲೆ ಹಳದಿಗೆ ತಿರುಗಿದಾಗ ಗಿಡ ಹಸಿದಿದೆ ಎಂದುಕೊಂಡು ಇನ್ನಷ್ಟು ಸುರಿದಳು. ಹುಚ್ಚಿ, ತಾಯಿಯಲ್ಲವೇ!

ಪಕ್ಕದ ಮನೆಯ ಗೈಬುಸಾಬ ಇಂಡಿ ಪೇಟೆಗೆ ಲಿಂಬೆ ಕಳಿಸುವವನು. ಒಂದು ಮುಂಜಾನೆ ಬೇಲಿಯಾಚೆ ನಿಂತು ಎಲೆ ನೋಡಿದ.

“ಅಕ್ಕಾ, ಬೂದಿ ಹಾಕೂದು ಬಿಡ್ರಿ. ನಮ್ಮ ಮಣ್ಣಾಗ ಮೊದಲ ಸುಣ್ಣ ಭಾಳ ಐತಿ. ಬೂದಿನೂ ಹಂಗ. ಗಿಡ ಸಾಯಾಕತ್ತೈತಿ.”

“ದಾಸೋಹದ ಒಲಿ ಬೂದಿಯಪ್ಪಾ ಇದು. ಇದರಿಂದ ಯಾರರೆ ಸಾಯ್ತಾರೇನು?”

“ಅದು ಬೇರಿಗೆ ಹೆಂಗ ಗೊತ್ತಾಗಬೇಕ್ರಿ?”

ಆಕೆಗೆ ಸಿಟ್ಟು ನೆತ್ತಿಗೇರಿತು. ಅವನೊಡನೆ ಮಾತು ಬಿಟ್ಟಳು. ಆದರೆ ಟೊಂಗೆಗಳು ತುದಿಯಿಂದ ಒಣಗತೊಡಗಿದಾಗ ಗುದ್ದಲಿ ಹಿಡಿದು ಬುಡದ ಬೂದಿಯನ್ನೆಲ್ಲ ಕೆರೆಯಲು ಕೂತಳು. ಅದೋ ನೀರು ಕುಡಿದು ಗಟ್ಟಿಯಾಗಿತ್ತು. ಬಲ ಹಾಕಿ ಹೊಡೆದಳು. ಹೆಂಟೆಯ ಜೊತೆ ಸಣ್ಣ ಸಣ್ಣ ಬೇರುಗಳೂ ಕಿತ್ತು ಬಂದವು. ಲಿಂಬೆಯ ಬೇರು ಮೇಲ್ಮೇಲೇ ಹರಡುತ್ತದೆಂದು ಆಕೆಗೆ ತಿಳಿದಿರಲಿಲ್ಲ.

ಸದ್ದು ಕೇಳಿ ಬಂದ ಗೈಬುಸಾಬ ಆ ಬೇರುಗಳನ್ನು ನೋಡಿ ಅಲ್ಲೇ ಕುಕ್ಕರಿಸಿದ.

“ಮತ್ತ ಚಿಗುರ್ತೈತೇನೋ ತಮ್ಮಾ?”

“ಇಲ್ಲಕ್ಕಾ.”

ಕಸ್ತೂರೆವ್ವ ಕೈಯಲ್ಲಿದ್ದ ಬೇರನ್ನು ಮಣ್ಣೊಳಗೆ ಮತ್ತೆ ಒತ್ತಿದಳು. “ಅಕೀ ಹೋದಾಗ ದೇವರನ್ನ ಬೈದ್ನಿ. ಈಗ ಯಾರನ್ನ ಬೈಲಿ?” ಎಂದಳು.

ಗೈಬುಸಾಬ ಉಳಿದ ಬೇರುಗಳ ಮೇಲೆ ಕೈಯಿಂದ ಮಣ್ಣೆಳೆದ.

ಬೇಸಿಗೆ ಮುಗಿಯುವುದರೊಳಗೆ ಗಿಡ ಪೂರಾ ಒಣಗಿತು. ಆಮೇಲೊಂದು ದಿನ ಕಸ್ತೂರೆವ್ವ ದಾಸೋಹದ ಒಲೆ ಬಳಿದು, ಬೂದಿಯ ಬುಟ್ಟಿ ಹೊತ್ತು ಹಿತ್ತಲಿಗೆ ಬಂದಳು. ತಿಪ್ಪೆಗೆ ಹಾಕಲು ಈಗಲೂ ಮನಸ್ಸು ಒಪ್ಪಲಿಲ್ಲ. ಕಡೆಗೆ ಆ ಗಿಡದ ಬುಡಕ್ಕೇ ಸುರಿದಳು. ಇನ್ನು ಅದಕ್ಕೆ ಏನೂ ಆಗುವಂತಿರಲಿಲ್ಲ.